ಒಂದೇ ನಿಯಮದ ಬಳಗ

ನಮ್ಮ ಬಳಗಕ್ಕೆ ಕೊನೆಯವರೆಗೂ ಹೆಸರೇ ಇರಲಿಲ್ಲ. ಹೆಸರಿಡಲು ಕೂತಾಗಲೆಲ್ಲ ಜಗಳವಾಗಿ, ಚಹಾ ಆರಿ, ಎಲ್ಲರೂ ಎದ್ದು ಹೋಗುತ್ತಿದ್ದೆವು. ಆದ್ದರಿಂದ ಅದರ ಇತಿಹಾಸ ಹೇಳಲು ಕೂತ ನಾನೂ ಅದನ್ನು ಬಳಗ ಎಂದೇ ಕರೆಯುತ್ತೇನೆ. ಲಂಡನ್ನಿನ ವಾಯವ್ಯ ಅಂಚಿನ ಒಂದು ಕಾಲೇಜಿನಲ್ಲಿ ತೊಂಬತ್ತರ ದಶಕದ ನಡುವೆ ಹುಟ್ಟಿ, ಹೊಸ ಶತಮಾನ ಕಣ್ಣು ಬಿಡುವಷ್ಟರಲ್ಲಿ ಮುಗಿದುಹೋದ ಬಳಗ ಅದು. ಕರಾವಳಿಯ ಹುಡುಗರಿಗೆಂದು ಕಟ್ಟಿದ್ದು. ನಾನು ಹೆಂಗಸು, ಅದರ ಮೇಲೆ ಧಾರವಾಡದವಳು, ಮೀನಿನ ವಾಸನೆಗೆ ಮೂಗು ಮುಚ್ಚುವವಳು. ಯಾವ ಲೆಕ್ಕದಲ್ಲೂ ಅಲ್ಲಿ ಇರಬಾರದವಳು. ಆದರೂ ಇದ್ದೆ, ಮತ್ತು ಅದು ಅರ್ಧಕ್ಕೆ ನಿಲ್ಲದಂತೆ ಕೊನೆಯವರೆಗೆ ಹಟ ಹಿಡಿದವಳು ನಾನೇ ಎಂದು ಹೇಳಿಕೊಳ್ಳಲು ನನಗೇನೂ ಸಂಕೋಚವಿಲ್ಲ.

ಮನೆ ಇದ್ದದ್ದು ರೇನರ್ಸ್ ಲೇನಿನಲ್ಲಿ, ಟ್ಯೂಬ್ ಸ್ಟೇಷನ್ನಿನಿಂದ ನಡೆದೇ ಹೋಗಬಹುದಾದ ದೂರದಲ್ಲಿ. ಅದರ ಒಡತಿ ಉಡುಪಿ ಕಡೆಯವರು, ಗಂಡ ತೀರಿಕೊಂಡ ಮೇಲೆ ಕೋಣೆಗಳನ್ನು ಬಾಡಿಗೆಗೆ ಕೊಟ್ಟು ಮಗನನ್ನು ಓದಿಸುತ್ತಿದ್ದರು. ಆ ಮಗ ಲಂಡನ್ನಿನಲ್ಲೇ ಹುಟ್ಟಿದವನು. ತಾಯಿ ಕನ್ನಡದಲ್ಲಿ ಬೈದರೆ ಇಂಗ್ಲಿಷಿನಲ್ಲಿ ಸಮಾಧಾನ ಹೇಳುತ್ತಿದ್ದ. ಅಟ್ಟದ ಕೋಣೆಯಲ್ಲಿ ಇಬ್ಬರು ಹುಡುಗರಿದ್ದರು. ಒಬ್ಬ ಮಂಗಳೂರಿನ ಕ್ಯಾಥೊಲಿಕ್, ಮನೆಮಾತು ಕೊಂಕಣಿ. ವಾರದ ಕೊನೆಯಲ್ಲಿ ಪಾರ್ಕ್ ರಾಯಲ್‌ನ ಸ್ಯಾಂಡ್‌ವಿಚ್ ಕಾರ್ಖಾನೆಯಲ್ಲಿ ತಲೆಗೆ ಬಲೆ ಕಟ್ಟಿಕೊಂಡು ಸೌತೆಕಾಯಿ ಹೋಳು ಜೋಡಿಸುತ್ತಿದ್ದ. ಇನ್ನೊಬ್ಬ ಕುಂದಾಪುರದವನು. ಅಪ್ಪ ಇಲ್ಲಿನ ಒಂದು ರೆಸ್ಟೋರೆಂಟಿಗೆ ಅಡುಗೆಯವರಾಗಿ ಬಂದಿದ್ದರಿಂದ ಹೈಸ್ಕೂಲಿನಲ್ಲಿದ್ದಾಗಲೇ ಲಂಡನ್ ಸೇರಿದ್ದ. ಈಗ ಸಿವಿಲ್ ಎಂಜಿನಿಯರಿಂಗ್ ಓದುತ್ತ, ಸಂಜೆ ಅಪ್ಪನ ಪಕ್ಕದಲ್ಲಿ ನಿಂತು ದೋಸೆ ಹುಯ್ಯುತ್ತಿದ್ದ. ಹುಬ್ಬಳ್ಳಿಯಲ್ಲಿ ಅದೇ ಎಂಜಿನಿಯರಿಂಗ್ ಮುಗಿಸಿ ಮೇಲಿನ ಓದಿಗೆ ಬಂದ ನನಗೆ ಸಿಕ್ಕಿದ್ದು ಕೆಳಗಿನ ಸಣ್ಣ ಕೋಣೆ. ಕಾಲು ಚಾಚಿದರೆ ರೇಡಿಯೇಟರ್, ಕೈ ಚಾಚಿದರೆ ಬಾಗಿಲು.

ಬಳಗ ಕಟ್ಟಿದವನು ಮಂಗಳೂರಿನವನು. ಅಮೆರಿಕದ ಕಾಲೇಜುಗಳಲ್ಲಿ ಹುಡುಗರು ಕೂಡಿ ಒಂದು ಮನೆ ಮಾಡಿಕೊಂಡು, ಬಾಗಿಲ ಮೇಲೆ ಗ್ರೀಕ್ ಅಕ್ಷರ ಬರೆದು, ತಾವೆಲ್ಲ ಅಣ್ಣತಮ್ಮಂದಿರು ಎಂದು ಆಣೆ ಇಡುತ್ತಾರೆಂದು ಟೀವಿಯಲ್ಲಿ ನೋಡಿದ್ದ. ಅದು ತಲೆಗೆ ಹತ್ತಿತ್ತು. ನಾನು ಬರುವ ಮೊದಲಿನ ವರ್ಷ ಕಾಲೇಜಿನಲ್ಲಿ ಒಂದು ಸಭೆ ಕರೆದು, ಕರಾವಳಿಯ ಹುಡುಗರೆಲ್ಲ ಬನ್ನಿ ಎಂದು ಚೀಟಿ ಅಂಟಿಸಿದ್ದನಂತೆ. ಒಡತಿ ಗೋಳಿಬಜೆ ಕರಿದು ಕಳಿಸಿದ್ದರಿಂದ ಮೊದಲ ಸಭೆಗೆ ಕೋಣೆ ತುಂಬಿತ್ತು. ಮುಂದಿನ ಸಭೆಗೆ ಗೋಳಿಬಜೆ ಇರಲಿಲ್ಲ, ಜನವೂ ಇರಲಿಲ್ಲ. ಆದರೆ ಅವನು ಬರೆದಿಟ್ಟ ನಿಯಮಗಳು ಮಾತ್ರ ಹಾಳೆಗಟ್ಟಲೆ ಇದ್ದವು. ಸಭೆಯಲ್ಲಿ ಹೇಗೆ ಕೂರಬೇಕು, ಯಾರು ಮೊದಲು ಮಾತಾಡಬೇಕು, ಎಲ್ಲ ಇತ್ತು. ನಾನು ಬಂದ ದಿನವೇ ಅವನನ್ನು ಕೇಳಿದೆ.

"ನನ್ನನ್ನ ತಗೋತೀರೇನು?"

"ಹಾಗಲ್ಲ, ಇದು ಅಣ್ಣತಮ್ಮಂದಿರದ್ದು," ಎಂದ, ಬಹಳ ಮರ್ಯಾದೆಯಿಂದ. "ಮತ್ತೆ ನಿಮಗೆ ಸಮುದ್ರವೂ ಇಲ್ಲ ಅಲ್ವಾ."

"ಸಮುದ್ರ ಇಲ್ಲದಿದ್ರೇನಾತು, ನಿಮ್ಮ ಬಳಗದಾಗ ಮಂದಿನೂ ಇಲ್ಲಲ್ರೀ," ಎಂದೆ. ಅಟ್ಟದ ಮೆಟ್ಟಿಲಲ್ಲಿ ಕೂತು ಶೂ ಕಟ್ಟಿಕೊಳ್ಳುತ್ತಿದ್ದ ಕುಂದಾಪುರದವನು ತಲೆ ಎತ್ತದೆ ನಕ್ಕ.

ನಾನು ಬಂದು ವಾರ ಕಳೆದಿರಲಿಲ್ಲ, ಮಂಗಳೂರಿನಿಂದ ಅವನಿಗೆ ಒಂದು ಲಕೋಟೆ ಬಂತು. ಅದರೊಳಗೆ ಮಡಿಸಿದ ಕಾಗದದಲ್ಲಿ ಹೊಸ ಭತ್ತದ ಕಾಳುಗಳು. ಸೆಪ್ಟೆಂಬರಿನಲ್ಲಿ, ಕ್ರಿಸ್ತನ ತಾಯಿಯ ಹುಟ್ಟುಹಬ್ಬದಂದು, ಅವರಿಗೆ ತೆನೆ ಹಬ್ಬ. ಇಗರ್ಜಿಯಲ್ಲಿ ಹರಸಿದ ಹೊಸ ತೆನೆಯನ್ನು ಮನೆಗೆ ತಂದು, ಕಾಳು ಸುಲಿದು ಪುಡಿಮಾಡಿ, ಹಾಲಿಗೋ ಪಾಯಸಕ್ಕೋ ಬೆರೆಸಿ ಮನೆಮಂದಿಯೆಲ್ಲ ತಿನ್ನುತ್ತಾರೆ. ಮನೆಯವರು ಯಾರಾದರೂ ದೂರದಲ್ಲಿದ್ದರೆ ಅವರ ಪಾಲಿನ ಕಾಳನ್ನು ಅಂಚೆಯಲ್ಲಿ ಕಳಿಸುತ್ತಾರೆ. ಬಾಂಬೆಗೆ, ದುಬೈಗೆ, ಈಗ ರೇನರ್ಸ್ ಲೇನಿಗೆ. ಅವನು ಆ ಕಾಗದವನ್ನು ಅಡುಗೆಮನೆಯ ಮೇಜಿನ ಮೇಲೆ ಬಿಡಿಸಿಟ್ಟುಕೊಂಡು ಕೂತಿದ್ದ. ಒಬ್ಬನೇ ತಿಂದರೆ ಅದು ಹಬ್ಬವಾಗುವುದಿಲ್ಲ ಎಂದ. ಒಡತಿ ಒಲೆ ಒರೆಸುತ್ತಿದ್ದವರು ತಿರುಗಿ, ಹಾಗಾದರೆ ಎಲ್ಲರೂ ಇಲ್ಲೇ ಊಟ ಮಾಡೋಣ, ಅದಕ್ಕೇನು ಎಂದುಬಿಟ್ಟರು.

ಆ ಊಟದ ದಿನ ನಡೆದ ತಪ್ಪು ನಮ್ಮವರಷ್ಟೇ ಮಾಡಬಹುದಾದ ತಪ್ಪು. ಮಂಗಳೂರಿನವನು ಬೆಳಿಗ್ಗೆಯೇ ಗುಜರಾತಿ ಅಂಗಡಿಗಳನ್ನೆಲ್ಲ ಸುತ್ತಿ ಕೆಸುವಿನ ಎಲೆ, ಬೆಂಡೆ, ಅಲಸಂಡೆ, ಹೀರೆಕಾಯಿ ಹೊತ್ತು ತಂದಿದ್ದ. ಆ ದಿನ ಅವರಲ್ಲಿ ಮೀನು ಮಾಂಸ ಮುಟ್ಟುವುದಿಲ್ಲ. ಬರೀ ತರಕಾರಿ, ಪದಾರ್ಥಗಳು ಬೆಸ ಸಂಖ್ಯೆಯಲ್ಲಿರಬೇಕು. ಒಡತಿ ಉಪ್ಪಿನಕಾಯಿ ತಂದಿಟ್ಟಾಗ ಅದೂ ಲೆಕ್ಕಕ್ಕೆ ಸೇರುತ್ತದೆಯೇ ಎಂದು ಅವನು ಗಾಬರಿಯಾದ. ಅದು ಇತ್ಯರ್ಥವಾಗುವ ಮೊದಲೇ ಕುಂದಾಪುರದವನು ರೆಸ್ಟೋರೆಂಟಿನಿಂದ ಬಂದ, ಎರಡೂ ಕೈಯಲ್ಲಿ ದೊಡ್ಡ ಪಾತ್ರೆ. ಮುಚ್ಚಳ ತೆಗೆದರೆ ಬಂಗುಡೆ ಮೀನಿನ ಸಾರು, ಕೆಂಪಗೆ, ಮನೆಯೆಲ್ಲ ಘಮ್ಮೆಂದಿತು. ನಾನು ಕಿಟಕಿಯ ಹತ್ತಿರ ಹೋದೆ.

ಮಂಗಳೂರಿನವನ ಮುಖ ಇಳಿದುಹೋಯಿತು. "ಇವತ್ತು ನಮಗೆ ಮೀನು ಆಗುವುದಿಲ್ಲ ಮಾರಾಯ," ಎಂದ ಮೆಲ್ಲಗೆ.

"ಹೌದಾ? ನಿಮ್ಮ್ ಹಬ್ಬಕ್ಕೆ ಮೀನ್ ಇಲ್ದಿದ್ರೆ ಹ್ಯಾಂಗೆ ಅಂದ್ಕಂಡ್ ನಾ ಬೆಳಿಗ್ಗೆ ಬೇಗ ಎದ್ದ್ ಮಾಡ್ದೆ," ಎಂದ ಕುಂದಾಪುರದವನು. ಪಾತ್ರೆ ಹಿಡಿದುಕೊಂಡೇ ನಿಂತಿದ್ದ. ಆಮೇಲೆ ಮೇಜಿನ ಮೇಲಿದ್ದ ಭತ್ತದ ಕಾಳು ನೋಡಿ, "ಇದ್ ಎಂತ, ಹೊಸ್ತಾ?" ಎಂದು ಕೇಳಿದ.

ಹೊಸ್ತು ಅಂದರೆ ಕುಂದಾಪುರದ ಕಡೆಯ ಹೊಸ ಅಕ್ಕಿಯ ಊಟ. ಅಲ್ಲಿ ಹಿಂದೂಗಳೂ ಅದೇ ತೆನೆಯನ್ನು ತಂದು ಮನೆಯ ಬಾಗಿಲಿಗೆ, ಕಂಬಕ್ಕೆ ಕಟ್ಟಿ, ಹೊಸ ಕಾಳನ್ನು ಪಾಯಸಕ್ಕೆ ಹಾಕಿ ಮನೆಮಂದಿಯೆಲ್ಲ ಉಣ್ಣುತ್ತಾರೆ. "ನಮ್ಮಲ್ಲೂ ಹೊಸ್ತಿನ ದಿನ ಮೀನ್ ಇಲ್ಲೆ," ಎಂದ ಅವನು. ಇಬ್ಬರೂ ಒಂದು ವರ್ಷದಿಂದ ಒಂದೇ ಅಟ್ಟದಲ್ಲಿ ಮಲಗುತ್ತಿದ್ದವರು. ಒಬ್ಬನದು ಕ್ರಿಸ್ತನ ತಾಯಿಯ ಹಬ್ಬ, ಇನ್ನೊಬ್ಬನದು ಲಕ್ಷ್ಮಿಯ ಪೂಜೆ ಅಂದುಕೊಂಡು ಪರಸ್ಪರ ಗೌರವದಿಂದ ದೂರವಿದ್ದರು. ಪಾಯಸ ಮಾತ್ರ ಒಂದೇ. ಮೀನಿನ ಪಾತ್ರೆ ಒಡತಿಯ ಫ್ರಿಡ್ಜಿಗೆ ಹೋಯಿತು.

ಕಾಳು ಪುಡಿಮಾಡಿ ತೆಂಗಿನ ಹಾಲಿಗೆ ಬೆರೆಸಿದ ಮೇಲೆ ಮಂಗಳೂರಿನವನು ಬಟ್ಟಲುಗಳನ್ನು ಮುಂದಿಟ್ಟುಕೊಂಡು ಯೋಚಿಸುತ್ತ ಕೂತ. ಇದು ಮನೆಯವರಿಗೆ ಮಾತ್ರ ಕೊಡುವ ಪದಾರ್ಥ ಎಂದು ಎಲ್ಲರಿಗೂ ಗೊತ್ತಿತ್ತು. ಒಡತಿಗೆ ಕೊಟ್ಟ, ಮಗನಿಗೆ ಕೊಟ್ಟ, ಕುಂದಾಪುರದವನಿಗೆ ಕೊಟ್ಟ. ನನ್ನ ಮುಂದೆ ಬಂದಾಗ ಒಂದು ಗಳಿಗೆ ತಡೆದ. ನಾನು ಕೈ ಚಾಚಿಯೇ ಇಟ್ಟಿದ್ದೆ, ಹಿಂದೆ ತೆಗೆಯಲಿಲ್ಲ. ಬಟ್ಟಲು ಕೊಟ್ಟ.

"ಈಗ ಬಳಗದಾಗ ಬಂದೆ ಇಲ್ಲೋ?" ಎಂದೆ.

"ತಿಂದವರೆಲ್ಲ ಒಂದೇ ಮನೆ," ಎಂದ ಅವನು. "ಅದು ನಾನು ಮಾಡಿದ ರೂಲ್ ಅಲ್ಲ, ಬದಲಿಸಲಿಕ್ಕೆ ನನಗೆ ಬರುವುದಿಲ್ಲ."

ಊಟವಾದ ಮೇಲೆ ಮಾತಿಗೆ ಮಾತು ಬಂದು ಕುಂದಾಪುರದವನು ತನ್ನವರ ಕತೆ ಹೇಳಿದ. ಅವನ ಅಪ್ಪ, ಚಿಕ್ಕಪ್ಪಂದಿರು, ಮಾವಂದಿರು ಎಲ್ಲರೂ ಶಾಲೆಯನ್ನು ನಡುವೆಯೇ ಬಿಟ್ಟು ಹೋಟೆಲು ಸೇರಿದವರು. ಲಂಡನ್ನಿಗೆ ಬಂದವರಲ್ಲೂ ಸಂಜೆಯ ಕ್ಲಾಸು, ಕಂಪ್ಯೂಟರ್ ಕೋರ್ಸು ಎಂದು ಶುರುಮಾಡಿದವರು ಬಹಳ, ಮುಗಿಸಿದವರು ಒಬ್ಬರೂ ಇಲ್ಲ. ತಾನಾದರೂ ಮುಗಿಸಬೇಕೆಂದು ಅಪ್ಪನ ಆಸೆ, ಅದಕ್ಕಿಂತ ಹೆಚ್ಚಾಗಿ ತನ್ನ ಆಸೆ ಎಂದ. ನಗುತ್ತಲೇ ಹೇಳಿದರೂ ಆ ನಗು ಯಾರನ್ನೂ ನಗಿಸಲಿಲ್ಲ. ಮಂಗಳೂರಿನವನು ಎದ್ದು ಅಟ್ಟಕ್ಕೆ ಹೋಗಿ ತನ್ನ ನಿಯಮಗಳ ಹಾಳೆಗಳನ್ನು ತಂದು, ನಮ್ಮೆದುರಿಗೇ ಹರಿದು ಕಸದ ಬುಟ್ಟಿಗೆ ಹಾಕಿದ.

"ಒಂದೇ ನಿಯಮ ಸಾಕು," ಎಂದ. "ಇವತ್ತು ಪಾಯಸ ತಿಂದವರಲ್ಲಿ ಓದುವವರೆಲ್ಲ ಓದು ಮುಗಿಸಬೇಕು. ಒಬ್ಬ ನಿಂತರೆ ಉಳಿದವರು ನೂಕಬೇಕು. ಕೊನೆಯವ ಮುಗಿಸಿದ ದಿನ ಬಳಗವೂ ಮುಗಿಯಿತು."

ಮುಗಿಯುವುದು ಯಾಕೆ ಎಂದು ನಾನು ಕೇಳಿದೆ. ಕೆಲಸ ಮುಗಿದ ಮೇಲೂ ಅಧ್ಯಕ್ಷರು, ಶಾಲು, ಚಹಾ ಮಾತ್ರ ಉಳಿದ ಸಂಘಗಳನ್ನು ತಾನು ಬೇಕಾದಷ್ಟು ನೋಡಿದ್ದೇನೆ ಎಂದ. ನನಗೆ ಅದು ಹಿಡಿಸಿತು. ಧಾರವಾಡದ ಅಂಥ ಸಂಘಗಳಲ್ಲಿ ನಾನೂ ಗಂಟೆಗಟ್ಟಲೆ ಕೂತು ಭಾಷಣ ಕೇಳಿದವಳೇ. ಒಡತಿಯ ಮಗ, "ಓಕೆ, ಫೈನ್, ಬಟ್ ನೋ ಮೋರ್ ಮೀಟಿಂಗ್ಸ್," ಎಂದು ಒಪ್ಪಿದ. ಮಾರನೆಯ ದಿನ ಎಲ್ಲರೂ ಮತ್ತೆ ಅದೇ ಮೇಜಿಗೆ ಕೂತು ಫ್ರಿಡ್ಜಿನ ಮೀನಿನ ಸಾರು ಉಂಡರು. ಮೀನಿನ ಸಾರು ಮಾರನೆಯ ದಿನವೇ ರುಚಿ ಎಂದು ಮೂವರೂ ನನಗೆ ಪಾಠ ಮಾಡಿದರು. ನಾನು ಮೊಸರನ್ನ ಕಲಸಿಕೊಂಡು, ಸ್ವಲ್ಪ ದೂರ ಕೂತು ಕೇಳಿದೆ.

ಮುಂದಿನ ಎರಡು ವರ್ಷಗಳಲ್ಲಿ ನಾವು ಮೂವರು ಮುಗಿಸಿದೆವು. ನನಗೆ ಕೌನ್ಸಿಲ್‌ನಲ್ಲಿ, ಅಂದರೆ ಇಲ್ಲಿನ ನಗರಸಭೆಯಲ್ಲಿ, ಕೆಲಸ ಸಿಕ್ಕಿತು, ಜನ ಮನೆ ಹಿಂದಕ್ಕೆ ಉದ್ದ ಮಾಡಿಕೊಳ್ಳುವಾಗ ತೊಲೆ ಸರಿಯಿದೆಯೇ ಎಂದು ನೋಡುವ ಕೆಲಸ. ಮಂಗಳೂರಿನವನು ಕ್ಯಾನರಿ ವಾರ್ಫಿನ ಒಂದು ಬ್ಯಾಂಕಿನ ಕಂಪ್ಯೂಟರ್ ವಿಭಾಗ ಸೇರಿದ. ಒಡತಿಯ ಮಗ ಅಕೌಂಟ್ಸ್ ಮುಗಿಸಿ ಹ್ಯಾರೋದ ಒಂದು ಕಚೇರಿ ಸೇರಿದ. ಉಳಿದವನು ಕುಂದಾಪುರದವನೊಬ್ಬ. ಅವನದು ಕೊನೆಯ ವರ್ಷ ನಡೆಯುತ್ತಿರುವಾಗ ಅಪ್ಪನ ಮಂಡಿ ಕೈಕೊಟ್ಟಿತು. ಒಲೆಯ ಮುಂದೆ ನಿಲ್ಲಲಾಗದೆ ಅವರು ಲೆಸ್ಟರಿನಲ್ಲಿದ್ದ ಮಗಳ ಮನೆಗೆ ಹೋದರು. ರೆಸ್ಟೋರೆಂಟಿನ ಮಾಲೀಕರು ಅದೇ ವೇಳೆಗೆ ಲಂಡನ್ನಿನ ಇನ್ನೊಂದು ತುದಿಯಲ್ಲಿ, ಈಸ್ಟ್ ಹ್ಯಾಮಿನಲ್ಲಿ, ಹೊಸ ಜಾಗ ತೆರೆದಿದ್ದರು. ಅಲ್ಲಿಯ ಒಲೆಗೆ ಅಪ್ಪನ ಬದಲು ನೀನು ಬಾ ಎಂದರು. ಇವನು ಹೋದ, ಕಾಲೇಜು ಬಿಟ್ಟ.

ಅಟ್ಟದಿಂದ ಪೆಟ್ಟಿಗೆ ಇಳಿಸುತ್ತಿದ್ದಾಗ ನಾನು ಮೆಟ್ಟಿಲಿಗೆ ಅಡ್ಡ ನಿಂತೆ.

"ಅಪ್ಪನ ಜಾಗ," ಎಂದ. "ನಮ್ಮನ್ನ್ ಇಲ್ಲಿಗೆ ಕರ್ಕಂಡ್ ಬಂದವ್ರ್ ಮಾಲೀಕ್ರ್. ಇಲ್ಲೆ ಅಂಬುಕ್ ಆತಿಲ್ಲೆ."

"ಇಲ್ಲ ಅನ್ನೂದು ಬ್ಯಾಡ. ಒಲಿ ಮುಂದ ನಿಲ್ಲು. ಆದ್ರ ಓದು ಬಿಡಾಕ ನಾ ಬಿಡಂಗಿಲ್ಲ," ಎಂದೆ.

ನನಗೆ ಸಿಟ್ಟು ಬಂದಿತ್ತು. ಅವನ ಮೇಲಲ್ಲ, ಇಷ್ಟು ಸಲೀಸಾಗಿ ಒಬ್ಬ ಮನುಷ್ಯನ ಆಸೆ ಪಾತ್ರೆಯ ಜೊತೆ ತೊಳೆದು ಹೋಗುತ್ತದಲ್ಲ ಎಂಬುದರ ಮೇಲೆ. ಕಾಲೇಜಿಗೆ ಹೋಗಿ ವಿಚಾರಿಸಿದೆ. ಉಳಿದ ವಿಷಯಗಳನ್ನು ನಿಧಾನವಾಗಿ, ಮನೆಯಲ್ಲೇ ಓದಿ ಪರೀಕ್ಷೆಗೆ ಮಾತ್ರ ಬಂದು ಮುಗಿಸುವ ದಾರಿ ಇತ್ತು. ಅವನಿಗೆ ಹೇಳಿದೆ, ಒಪ್ಪಿದ. ಒಪ್ಪದಿದ್ದರೆ ನಾನು ಮತ್ತೆ ಮೆಟ್ಟಿಲಿಗೆ ಅಡ್ಡ ನಿಲ್ಲುತ್ತಿದ್ದೆ ಎಂಬುದು ಅವನಿಗೂ ಗೊತ್ತಿತ್ತು.

ಹೀಗೆ ನನ್ನ ಮಂಗಳವಾರಗಳು ಶುರುವಾದವು. ಆ ದಿನ ಕೌನ್ಸಿಲ್ಲಿನಿಂದ ಬೇಗ ಹೊರಟು, ಮೆಟ್ರೊಪಾಲಿಟನ್ ಲೈನಿನಲ್ಲಿ ಪೇಟೆಯ ಒಳಗೆ ಹೋಗಿ, ಗಾಡಿ ಬದಲಿಸಿ ಈಸ್ಟ್ ಹ್ಯಾಮಿಗೆ ಹೋಗುತ್ತಿದ್ದೆ. ಮಧ್ಯಾಹ್ನದ ಊಟದ ಗಿರಾಕಿಗಳು ಹೋಗಿ, ಸಂಜೆಯವರು ಬರುವ ಮೊದಲು ರೆಸ್ಟೋರೆಂಟಿಗೆ ಒಂದಿಷ್ಟು ಬಿಡುವು. ಹಿಂದಿನ ಉಗ್ರಾಣದಲ್ಲಿ ಅಕ್ಕಿಚೀಲಗಳ ಮೇಲೆ ಕೂತು ಪಾಠ. ಪಕ್ಕದಲ್ಲಿ ದೋಸೆ ಹಿಟ್ಟಿನ ಗ್ರೈಂಡರ್ ಗರಗರ ತಿರುಗುತ್ತಿರುತ್ತಿತ್ತು, ಅದರ ಮೇಲೆ ನಾವಿಬ್ಬರೂ ದನಿ ಏರಿಸಿ ತೊಲೆ ಎಲ್ಲಿ ಬಾಗುತ್ತದೆ, ಭಾರ ಎಲ್ಲಿಗೆ ಇಳಿಯುತ್ತದೆ ಎಂದು ಕೂಗಾಡುತ್ತಿದ್ದೆವು. ಅವನು ಆರ್ಡರ್ ಬರೆಯುವ ಚೀಟಿಗಳ ಹಿಂಬದಿಯಲ್ಲಿ ಲೆಕ್ಕ ಮಾಡುತ್ತಿದ್ದ. ಓದುಗರು ಬೇರೇನಾದರೂ ಊಹಿಸುವ ಮೊದಲೇ ಹೇಳಿಬಿಡುತ್ತೇನೆ, ಅದು ಪ್ರೇಮವಲ್ಲ. ನಾನು ಆಗಲೇ ಬೇರೊಬ್ಬರನ್ನು ಮದುವೆಯಾಗಲು ಒಪ್ಪಿ ಆಗಿತ್ತು. ಇದು ಹಟ, ಮತ್ತು ಹಟಕ್ಕಿಂತ ಸ್ವಲ್ಪ ಹೆಚ್ಚಿನದು ಏನೋ.

ಪರೀಕ್ಷೆ ಬಂದಾಗ ಮಾಲೀಕರ ಹತ್ತಿರ ಹೋಗಬೇಕಾಯಿತು. ಕೆಟ್ಟವರಲ್ಲ, ತಾವೂ ಪಾತ್ರೆ ತೊಳೆದು ಮೇಲೆ ಬಂದವರು. ಕಲ್ಲಿನ ಹಾಗೆ ಕೂತು ಕೇಳಿದರು.

"ಓದುಕ್ ನಾ ಬ್ಯಾಡ ಅಂಬುದಿಲ್ಲೆ," ಎಂದರು. "ಅವ ಪರೀಕ್ಷೆಗ್ ಹೋರೆ ಒಲಿ ಮುಂದೆ ಯಾರ್ ನಿಲ್ಲುದ್?"

"ನಾವ್ ನಿಲ್ತೀವಿ," ಎಂದೆ.

ಅವರು ನನ್ನನ್ನು ಮೇಲಿನಿಂದ ಕೆಳಗೆ ನೋಡಿ, ಕಾಂಬ, ಅಂದರೆ ನೋಡೋಣ, ಎಂದರು. ಹಾಗೆ ನಾವು ಮೂವರೂ ರಜೆ ಹಾಕಿ ಈಸ್ಟ್ ಹ್ಯಾಮಿನ ಅಡುಗೆಮನೆ ಸೇರಿದೆವು. ಬ್ಯಾಂಕಿನವನು ಟೈ ತೆಗೆದು ಜೇಬಿಗೆ ತುರುಕಿ ದೋಸೆ ಕಾವಲಿಯ ಮುಂದೆ ನಿಂತ. ಅವನ ಮೊದಲ ದೋಸೆಗಳು ಯಾವ ದೇಶದ ನಕ್ಷೆ ಎಂದು ಗುರುತಿಸುವುದು ಕಷ್ಟವಾಗಿತ್ತು. ಅವನ್ನೆಲ್ಲ ನಾವೇ ತಿಂದೆವು. ನಾನು ಚಟ್ನಿ, ಪಲ್ಯ. ಒಡತಿಯ ಮಗ ಹೊರಗೆ ಆರ್ಡರ್ ತೆಗೆದುಕೊಂಡು ಒಳಗೆ ಕೂಗಬೇಕು. ಒಳಗಿದ್ದ ಹಿರಿಯ ಅಡುಗೆಯವರಿಗೆ ಇಂಗ್ಲಿಷ್ ಬರುತ್ತಿರಲಿಲ್ಲ. ಎರಡು ಸಲ ಇಂಗ್ಲಿಷಿನಲ್ಲಿ ಕೂಗಿದ, ಅವರು ತಿರುಗಿಯೂ ನೋಡಲಿಲ್ಲ. ಹೊರಗೆ ಗಿರಾಕಿ ಗಡಿಯಾರ ನೋಡುತ್ತಿದ್ದ. ಆಗ ಬಂತು ಅವನ ಬಾಯಿಂದ, ಸ್ಪಷ್ಟವಾಗಿ, ಥೇಟ್ ಅವನ ತಾಯಿಯದೇ ದನಿಯಲ್ಲಿ:

"ಎರಡು ಮಸಾಲೆ, ಒಂದು ಸಾದಾ, ಬೇಗ ಕೊಡಿ ಮಾರಾಯ್ರೆ."

ನಾನು ಸೌಟು ಹಿಡಿದು ಹಾಗೇ ನಿಂತೆ. ಅವನು ಕೆಂಪಾಗಿ, "ವಾಟ್?" ಎಂದು ಹೊರಗೆ ಹೋದ. ಮನೆಗೆ ಬಂದು ಒಡತಿಗೆ ಹೇಳಿದಾಗ ಅವರು ನಂಬಲೇ ಇಲ್ಲ. ಮುಂದಿನ ಪರೀಕ್ಷೆಗೆ ತಾವೂ ಬರುತ್ತೇನೆ, ಕಿವಿಯಾರೆ ಕೇಳಬೇಕು ಎಂದರು, ಬಂದೂ ಬಂದರು.

ಹೀಗೆ ಒಂದೊಂದೇ ವಿಷಯ ಮುಗಿಯುತ್ತ ಹೋಯಿತು. ಸಹಸ್ರಮಾನ ತಿರುಗಿತು, ಟ್ಯೂಬಿನ ಜುಬಿಲಿ ಲೈನು ಪೂರ್ವಕ್ಕೆ ಚಾಚಿಕೊಂಡಿತು, ಕ್ಯಾನರಿ ವಾರ್ಫಿನಿಂದ ಈಸ್ಟ್ ಹ್ಯಾಮಿಗೆ ಬರುವುದು ಮಂಗಳೂರಿನವನಿಗೆ ಸುಲಭವಾಯಿತು. ಪರೀಕ್ಷೆ ಇಲ್ಲದ ಮಂಗಳವಾರಗಳಲ್ಲೂ ಅವನು ಬರತೊಡಗಿದ. ಒಡತಿಯ ಮಗನೂ ಕೆಲವೊಮ್ಮೆ ಬರುತ್ತಿದ್ದ, ಅಕ್ಕಿಚೀಲದ ಮೇಲೆ ಕೂತು ಪೇಪರ್ ಓದುತ್ತಿದ್ದ. ಪ್ರತಿ ಸೆಪ್ಟೆಂಬರಿನಲ್ಲಿ ಕಾಳಿನ ಲಕೋಟೆ ಬರುತ್ತಿತ್ತು. ಕುಂದಾಪುರದವನಿಗೆ ಬರಲಾಗದ ವರ್ಷ ಅವನ ಪಾಲನ್ನು ನಾನು ಡಬ್ಬಿಯಲ್ಲಿ ಹಾಕಿಕೊಂಡು ಟ್ಯೂಬಿನಲ್ಲಿ ಒಯ್ದೆ.

ಕೊನೆಗೆ ಸ್ಟ್ರಕ್ಚರ್ಸ್ ಎಂಬ ಒಂದು ಪೇಪರ್ ಉಳಿಯಿತು. ನನ್ನದೇ ವಿಷಯ. ಮೊದಲ ಸಲ ಅದರಲ್ಲಿ ಫೇಲಾದ. ಹಿಂದಿನ ದಿನ ಮದುವೆಯ ಆರ್ಡರ್ ಇತ್ತು, ಕಣ್ಣು ತೆರೆದಿಡಲೂ ಆಗದೆ ಬರೆದಿದ್ದ. ಅದು ಅರ್ಥವಾಗುವ ಮಾತು. ಮುಂದಿನ ವರ್ಷ ಮತ್ತೆ ಬರೆದ, ಮತ್ತೆ ಫೇಲು. ಈ ಸಲ ಕಾಲೇಜಿನವರು ಸ್ಪಷ್ಟವಾಗಿ ಹೇಳಿದರು. ಇನ್ನೊಂದೇ ಅವಕಾಶ; ಅದರಲ್ಲೂ ಆಗದಿದ್ದರೆ ಪದವಿ ಇಲ್ಲ, ಇಷ್ಟು ವರ್ಷ ಮಾಡಿದ್ದೆಲ್ಲ ನೀರುಪಾಲು.

ಆ ಮಂಗಳವಾರ ನಾನು ಉಗ್ರಾಣದಲ್ಲಿ ಕೂತು, ಈ ಸಲ ಅವನು ಫೇಲಾದ ಪರೀಕ್ಷೆಯ ಪ್ರಶ್ನೆಪತ್ರಿಕೆ ತಿರುವಿದೆ. ಎಲ್ಲಿ ಎಡವುತ್ತಿದ್ದಾನೆಂದು ನೋಡಬೇಕಿತ್ತು. ಮೂರನೆಯ ಪ್ರಶ್ನೆ ನೋಡಿದಾಗ ಕೈ ನಿಂತಿತು. ಎರಡು ಕಂಬ, ಒಂದು ತೊಲೆ, ನಡುವೆ ಭಾರ. ಪರೀಕ್ಷೆಯ ಹಿಂದಿನ ವಾರ ಇಂಥದೇ ಲೆಕ್ಕವನ್ನು ಅವನು ಇದೇ ಚೀಲದ ಮೇಲೆ ಕೂತು, ಗ್ರೈಂಡರಿನಿಂದ ಹಿಟ್ಟು ತೆಗೆಯುವ ಮೊದಲೇ ಮುಗಿಸಿದ್ದ. ನಾನು ಬೆನ್ನು ತಟ್ಟಿದ್ದೆ.

"ಇದನ್ನ ಬರದ್ಯೇನು?" ಎಂದು ಕೇಳಿದೆ.

ಅವನು ಗ್ರೈಂಡರಿನ ಕಡೆ ತಿರುಗಿ ಹಿಟ್ಟು ನೋಡತೊಡಗಿದ. ಮಂಗಳೂರಿನವನು ಬಾಗಿಲ ಹತ್ತಿರ ಕಾಫಿ ಹಿಡಿದು ನಿಂತಿದ್ದ.

"ಬರದ್ಯೋ, ಬಿಟ್ಟ್ಯೋ? ನನ್ನ ಮಾರಿ ನೋಡಿ ಹೇಳು."

"ಬಿಟ್ಟೆ," ಎಂದ.

"ಯಾಕ?"

ಗ್ರೈಂಡರ್ ನಿಲ್ಲಿಸಿದ. "ಅದ್ ಮುಗುದ್ರೆ ಬಳಗ ಮುಗಿತ್ತಲೆ," ಎಂದ. "ಮತ್ತೆ ನೀವ್ ಯಾರೂ ಇಲ್ಲಿಗೆ ಬಪ್ಪುದಿಲ್ಲೆ."

ನನಗೆ ಬಂದ ಕೋಪ ಇವತ್ತಿಗೂ ನೆನಪಿದೆ. ಕೈಯಲ್ಲಿದ್ದ ಪತ್ರಿಕೆಯನ್ನು ಚೀಲದ ಮೇಲೆ ಎಸೆದೆ. ಇಷ್ಟು ವರ್ಷ ಈ ಹುಡುಗನಿಗಾಗಿ ಲಂಡನ್ನನ್ನು ಅಡ್ಡಡ್ಡ ಅಳೆದಿದ್ದೇನೆ, ಇವನು ಬೇಕೆಂದೇ ಬಿಟ್ಟಿದ್ದಾನೆ ಎಂದು ಬೈದೆ, ಧಾರವಾಡದಲ್ಲಿ ಕಲಿತ ಬೈಗುಳವನ್ನೆಲ್ಲ ಬಳಸಿ ಬೈದೆ. ಬೈಯುತ್ತಿರುವಾಗಲೇ ಅಳು ಬಂತು, ಅದರಿಂದ ಇನ್ನಷ್ಟು ಸಿಟ್ಟು ಬಂತು. ಅವನು ಹೇಳಿದ್ದು ಸುಳ್ಳಲ್ಲ ಎಂಬುದೇ ನನ್ನನ್ನು ಚುಚ್ಚಿದ್ದು. ನಾವು ಮೂವರಿಗೆ ಕಚೇರಿ ಇತ್ತು, ಮನೆ ಇತ್ತು, ಶನಿವಾರ ಭಾನುವಾರ ಇತ್ತು. ಅವನಿಗೆ ಇದ್ದದ್ದು ಒಲೆ ಮತ್ತು ಮಂಗಳವಾರ. ಕೊನೆಯವ ಮುಗಿಸಿದ ದಿನ ಬಳಗ ಮುಗಿಯಿತು ಎಂದು ನಾವು ಜಾಣತನದಿಂದ ಮಾಡಿದ ನಿಯಮದ ಭಾರವೆಲ್ಲ ಇಳಿದದ್ದು ಆ ಕೊನೆಯವನ ಮೇಲೆ. ತೊಲೆಯ ಲೆಕ್ಕ ಮಾಡಿಸುತ್ತ ಕೂತವಳಿಗೆ ಈ ಲೆಕ್ಕ ಹೊಳೆದಿರಲಿಲ್ಲ.

ಮೊದಲು ಮಾತಾಡಿದವನು ಮಂಗಳೂರಿನವನು. "ಪಾಯಸ ತಿಂದವರು ಒಂದೇ ಮನೆ ಅಂತ ನಾನು ಅವತ್ತೇ ಹೇಳಿದ್ದೆ," ಎಂದ. "ಬಳಗದ್ದು ಬೇರೆ, ಮನೆಯದ್ದು ಬೇರೆ. ಬಳಗಕ್ಕೆ ನಿಯಮ ಮಾಡಿದ್ದು ನಾನು. ಮನೆಗೆ ಯಾರೂ ಮಾಡಲಿಲ್ಲ ಮಾರಾಯ."

ನಾನು ಮೂಗು ಒರೆಸಿಕೊಂಡೆ. "ನೀ ಬರಿ," ಎಂದೆ. "ಮೂರನೇ ಪ್ರಶ್ನೆ ಬಿಡಬ್ಯಾಡ, ಯಾವುದೂ ಬಿಡಬ್ಯಾಡ. ನಾ ಮಂಗಳವಾರ ಬರ್ತೀನಿ. ಹೇಳಿಕೊಡಾಕ ಏನೂ ಇಲ್ಲದಿದ್ರೂ ಬರ್ತೀನಿ. ಈಗ ಆ ಗ್ರೈಂಡರ್ ಹಚ್ಚು, ಸಂಜೀಕ ಹಿಟ್ಟಿಲ್ಲ ಅಂದ್ರ ನಿಮ್ಮ ಮಾಲೀಕರು ನನಗ ಬೈತಾರ."

ಆಗಸ್ಟಿನಲ್ಲಿ ಅವನು ಬರೆದ. ನಾವು ಮೂವರೂ ಅಡುಗೆಮನೆಯಲ್ಲಿ ನಿಂತೆವು. ಆ ದಿನ ಮಂಗಳೂರಿನವನ ದೋಸೆ ದುಂಡಗೆ ಬಂತು. ಮಾಲೀಕರು ನೋಡಿ, ಬ್ಯಾಂಕ್ ಬಿಟ್ರೆ ಇಲ್ಲಿಗ್ ಬಾ ಎಂದರು. ನಾನು ಚಟ್ನಿಗೆ ಉಪ್ಪು ಎರಡು ಸಲ ಹಾಕಿದೆ. ನನ್ನ ಸ್ವಂತ ಪರೀಕ್ಷೆಗೂ ನಾನು ಹಾಗೆ ಹೆದರಿದವಳಲ್ಲ. ಸೆಪ್ಟೆಂಬರಿನ ಮೊದಲ ವಾರ ಫಲಿತಾಂಶ ಬಂತು. ಅವನು ಫೋನ್ ಮಾಡಿ, "ಆಯ್ತ್," ಎಂದ ಅಷ್ಟೇ. ಅವನ ಕಡೆ ಪಾತ್ರೆಗಳ ಸದ್ದು ಕೇಳುತ್ತಿತ್ತು.

ಮುಂದೇನು ಎಂದು ಕೇಳುವವರಿಗೆ ಹೇಳುತ್ತೇನೆ, ಅವನು ಒಲೆ ಬಿಡಲಿಲ್ಲ. ಪದವಿ ಇಟ್ಟುಕೊಂಡು ದೋಸೆ ಹುಯ್ಯುತ್ತೀಯಾ ಎಂದು ನಾನೂ ಒಮ್ಮೆ ಕೇಳಿಬಿಟ್ಟೆ. ಓದು ಮುಗಿಸಬೇಕಿತ್ತು, ಅಡುಗೆ ಬಿಡಬೇಕು ಎಂದು ತಾನು ಯಾವತ್ತೂ ಹೇಳಿರಲಿಲ್ಲ ಎಂದ. ಲೆಸ್ಟರಿಗೆ ಹೋಗಿ ಅಪ್ಪನ ಕೈಗೆ ಸರ್ಟಿಫಿಕೇಟು ಕೊಟ್ಟು ಬಂದ. ಅವರು ಅದನ್ನು ಎರಡೂ ಕೈಯಲ್ಲಿ ಹಿಡಿದು, ಇಂಗ್ಲಿಷಿನಲ್ಲಿ ಮಗನ ಹೆಸರು ಎಲ್ಲಿದೆ ಎಂದು ಬೆರಳಿಟ್ಟು ತೋರಿಸಿಕೊಂಡರಂತೆ.

ಆ ವರ್ಷದ ತೆನೆ ಹಬ್ಬಕ್ಕೆ ರೇನರ್ಸ್ ಲೇನಿನ ಅದೇ ಮೇಜಿಗೆ ಎಲ್ಲರೂ ಸೇರಿದೆವು. ಕೆಸುವಿನ ಎಲೆ, ಬೆಂಡೆ, ಅಲಸಂಡೆ. ಉಪ್ಪಿನಕಾಯಿಯನ್ನು ಲೆಕ್ಕಕ್ಕೆ ಸೇರಿಸುವುದಿಲ್ಲ ಎಂದು ಆ ಹೊತ್ತಿಗೆ ತೀರ್ಮಾನವಾಗಿತ್ತು. ಮಂಗಳೂರಿನವನು ಎದ್ದು ನಿಂತು ಗಂಟಲು ಸರಿಮಾಡಿಕೊಂಡು, ನಿಯಮದ ಪ್ರಕಾರ ಬಳಗ ಈ ದಿನಕ್ಕೆ ಮುಗಿಯಿತು ಎಂದು ಘೋಷಿಸಿದ. ಯಾರೂ ಚಪ್ಪಾಳೆ ತಟ್ಟಲಿಲ್ಲ. ಒಡತಿ ಪಾಯಸದ ಬಟ್ಟಲುಗಳನ್ನು ಹಂಚಿದರು. ಬೇಗ ಮುಗಿಯದಿರಲೆಂದು ನಾನು ನಿಧಾನವಾಗಿ ತಿಂದೆ.

ಊಟ ಮುಗಿಯುವಾಗ ಕುಂದಾಪುರದವನು ಎದ್ದು ಬಾಗಿಲ ಹತ್ತಿರ ಇಟ್ಟಿದ್ದ ಚೀಲದಿಂದ ಒಂದು ದೊಡ್ಡ ಪಾತ್ರೆ ತೆಗೆದ. ಮುಚ್ಚಳ ಸರಿಸುವ ಮೊದಲೇ ವಾಸನೆ ಬಂತು. ಮಂಗಳೂರಿನವನು ಬಾಯಿ ತೆರೆಯುವಷ್ಟರಲ್ಲಿ ಅವನು ಕೈ ಅಡ್ಡ ಹಿಡಿದ.

"ಗೊತ್ತಿತ್ ಮಾರಾಯ, ಇದ್ ಇವತ್ತಿಗಲ್ಲ," ಎಂದ. "ನಾಳಿಗೆ."

ಪಾತ್ರೆಯನ್ನು ಒಡತಿಯ ಫ್ರಿಡ್ಜಿನಲ್ಲಿ ಇಟ್ಟ. ಆಮೇಲೆ ಅದೇ ಚೀಲದಿಂದ ಒಂದು ಸಣ್ಣ ಡಬ್ಬಿ ತೆಗೆದು ನನ್ನ ಮುಂದೆ ತಂದಿಟ್ಟ. ಒಳಗೆ ಬದನೆಕಾಯಿ ಎಣಗಾಯಿ, ನಮ್ಮ ಧಾರವಾಡದ ರೀತಿಯಲ್ಲಿ, ಶೇಂಗಾ ಗುರೆಳ್ಳು ತುಂಬಿದ್ದು. ಎಲ್ಲಿ ಕಲಿತನೋ. ನಾನು ಬೆರಳು ಹಾಕಹೋದೆ, ಅವನು ಡಬ್ಬಿಯ ಮುಚ್ಚಳ ಮುಚ್ಚಿದ.

"ಇದೂ ನಾಳಿಗೇ," ಎಂದ.

ಮಾರನೆಯ ದಿನ ಕೆಲಸದ ದಿನ. ನಾನು ಕೌನ್ಸಿಲ್ಲಿಗೆ ಹೊಟ್ಟೆನೋವೆಂದು ಫೋನ್ ಮಾಡಿ, ಮತ್ತೆ ರೇನರ್ಸ್ ಲೇನಿಗೆ ಹೋದೆ. ಬಾಗಿಲು ತೆಗೆದವನು ಒಡತಿಯ ಮಗ. ಅವನ ಹಿಂದೆ ಮೇಜಿನ ಮುಂದೆ, ಟೈ ಜೇಬಿಗೆ ತುರುಕಿಕೊಂಡು, ಬ್ಯಾಂಕಿನವನು ಆಗಲೇ ಕೂತಿದ್ದ.